ನನ್ನ ವೈರಿಗಳಿಗೆ ಗಾಡಿ ಕಲಿಸಿದ ಸಿಸ್ಟರ್

ಸ್ಕೂಟಿ ಓಡಿಸಲು ಬಾರದ ಹೆಂಗಸಿನ ಹಿಂದೆ ಕೂತು ಎಲೆಗೆ ಸುಣ್ಣ ಹಚ್ಚುವವರನ್ನು ನಾನು ಒಬ್ಬರನ್ನೇ ನೋಡಿದ್ದೇನೆ. ಉಳಿದವರು ಗಾಡಿ ಕಲಿಸುವಾಗ ಸೀಟಿನ ಹಿಂದಿನ ಕಂಬಿ ಹಿಡಿದು ಓಡುತ್ತಾರೆ, ಏದುಸಿರು ಬಿಡುತ್ತಾರೆ, "ಬ್ರೇಕ್, ಬ್ರೇಕ್" ಎಂದು ಊರಿಗೆಲ್ಲ ಕೇಳುವ ಹಾಗೆ ಕೂಗುತ್ತಾರೆ. ಶಾಂತಾಬಾಯಿ ಸಿಸ್ಟರ್ ಹಾಗಲ್ಲ. ಗಂಡಸರಂತೆ ಎರಡೂ ಕಡೆ ಕಾಲು ಹಾಕಿ ಹಿಂದಿನ ಸೀಟಿನಲ್ಲಿ ಕೂತು, ಸೊಂಟದ ಸಂಚಿಯಿಂದ ಎಲೆ ತೆಗೆದು ತೊಡೆಯ ಮೇಲೆ ಇಟ್ಟುಕೊಳ್ಳುತ್ತಿದ್ದರು. ಮುಂದೆ ಕೂತವಳು ಹ್ಯಾಂಡಲನ್ನು ಹಾವು ಹಿಡಿದಂತೆ ಹಿಡಿದು ನಡುಗುತ್ತಿದ್ದರೆ, ಇವರು ನಿಧಾನವಾಗಿ ತೊಟ್ಟು ಮುರಿದು, ಸುಣ್ಣ ಸವರಿ, ಅಡಿಕೆ ಹಾಕಿ ಮಡಚುತ್ತಿದ್ದರು. "ಜರಾ ಸೀದಾ ನಡಸವ್ವಾ, ಸುಣ್ಣ ಸೀರಿಗಿ ಹತ್ತಾಕತ್ತದ" ಎನ್ನುವುದೇ ಅವರ ಪಾಠ.

ನಾನೂ ಹಾಗೆ ಕಲಿತವಳೇ. ಕಲಬುರಗಿಯ ಅಂಚಿನ ಕೋಟನೂರ ದಾಟಿದರೆ ಹೊಸ ಲೇಔಟ್ ಒಂದಿದೆ. ರಸ್ತೆ ಹಾಕಿದ್ದಾರೆ, ಕಂಬ ನೆಟ್ಟಿದ್ದಾರೆ, ಮನೆಗಳು ಮಾತ್ರ ಇನ್ನೂ ಬಂದಿಲ್ಲ. ಮೊದಲು ನಮ್ಮನೆಯವರೇ ನನಗೆ ಅಲ್ಲಿ ಕಲಿಸಲು ಹೊರಟಿದ್ದರು. ಎರಡು ಸಂಜೆ ಕಲಿಸಿದರು, ಆಮೇಲೆ ನಾವಿಬ್ಬರೂ ಮಾತು ಬಿಟ್ಟೆವು. ಪಕ್ಕದ ಮನೆಯವರು, ಅದೇ ಕೋಟನೂರಿನಲ್ಲಿ ರಿಟೈರಾದ ನರ್ಸ್ ಒಬ್ಬರಿದ್ದಾರೆ, ಯಾರು ಕೇಳಿದರೂ ಕಲಿಸುತ್ತಾರೆ ಎಂದು ಹೇಳಿದ್ದರಿಂದ ಅವರ ಮನೆ ಹುಡುಕಿಕೊಂಡು ಹೋದೆ. ಮೊದಲ ದಿನವೇ ನನ್ನ ಮುಖ ನೋಡಿ ಅಂದರು: "ಟೀಚರಬಾಯಿ, ಬೀಳೋದಿದ್ರ ಇಬ್ರೂ ಬೀಳ್ತೀವಿ. ನಾ ನಿನಗಿಂತ ದಪ್ಪ ಇದೀನಿ, ನನಗೇ ಜಾಸ್ತಿ ಹತ್ತತದ. ನೀ ಯಾಕ ಅಂಜತಿ?" ಈ ತರ್ಕ ಕೇಳಿ ಕೀಲಿ ತಿರುವಿದೆ.

ಅವರು ಕಲಬುರಗಿ ಹತ್ತಿರದ ಕಮಲಾಪುರದವರು. ಅಪ್ಪ ಬೇರೆಯವರ ಬಾಳೆತೋಟದಲ್ಲಿ ಕೂಲಿ. ಗೋಡೆಯ ಮೇಲೆ ಬುದ್ಧನ ಚಿತ್ರವಿದ್ದ ಆ ಸಣ್ಣ ಮನೆಯಿಂದ ನರ್ಸ್ ತರಬೇತಿಗೆ ಹೋದ ಮೊದಲ ಹುಡುಗಿ ಇವರು. ನೌಕರಿಯೆಲ್ಲ ಕಮಲಾಪುರದ ಸುತ್ತಲಿನ ಹಳ್ಳಿಗಳಲ್ಲೇ. ಲಸಿಕೆಯ ಡಬ್ಬಿ ಹಿಂದೆ ಕಟ್ಟಿಕೊಂಡು ಮೊಪೆಡ್ ಮೇಲೆ ಹೊಲದ ದಾರಿಯಲ್ಲಿ ತಿರುಗಿದವರು. ಮದುವೆ ಆಗಲಿಲ್ಲ, ಏಕೆಂದು ಕೇಳಿದವರಿಗೆ "ಪುರಸೊತ್ತು ಸಿಗಲಿಲ್ಲ" ಎನ್ನುತ್ತಿದ್ದರು. ಎತ್ತರದ ಆಳು, ಅದಕ್ಕೆ ತಕ್ಕ ದನಿ. ಮನಸ್ಸು ಸರಿ ಇದ್ದಾಗ ನನ್ನನ್ನು ಏಕವಚನದಲ್ಲಿ ಕರೆಯುತ್ತಿದ್ದರು, ಸಿಟ್ಟು ಬಂದರೆ "ರೀ" ಹಚ್ಚುತ್ತಿದ್ದರು. "ಬರ್ರಿ ಟೀಚರ್ರಿ, ಕೂಡ್ರಿ" ಎಂದರೆ ಆ ದಿನ ನನ್ನ ಗ್ರಹಚಾರ ಕೆಟ್ಟಿತೆಂದೇ ಅರ್ಥ.

ಸಂಕೋಚ ಎನ್ನುವುದು ಅವರ ಹತ್ತಿರ ಸುಳಿದಿರಲಿಲ್ಲ. ಮೊದಲ ಸಲ ನಮ್ಮ ಮನೆಗೆ ಬಂದಾಗ ನಮ್ಮ ಅತ್ತೆ, ಮಡಿ ಮೈಲಿಗೆಯಲ್ಲಿ ಬೆಳೆದವರು, ಕಾಗದದ ಕಪ್ಪಿನಲ್ಲಿ ಚಹಾ ತಂದಿಟ್ಟರು. ಸಿಸ್ಟರ್ ಅದನ್ನು ನೋಡಿದರು, ಎದ್ದರು, ಅಡುಗೆಮನೆಯ ಕಟ್ಟೆಗೆ ಹೋಗಿ ಬೋರಲು ಹಾಕಿದ್ದ ಸ್ಟೀಲಿನ ಲೋಟ ತೆಗೆದುಕೊಂಡು ಚಹಾವನ್ನು ಅದಕ್ಕೆ ಸುರಿದರು. "ಕಾಗದಾ ಕೈ ಸುಡ್ತದ್ರಿ ಅಮ್ಮಾರ" ಎಂದು ಕೂತು ಕುಡಿದರು. ಮರುವಾರದಿಂದ ಅವರಿಗೆ ಲೋಟದಲ್ಲೇ ಚಹಾ ಬರತೊಡಗಿತು.

ಇಷ್ಟು ಗಟ್ಟಿಗಿತ್ತಿಯ ಜೊತೆ ಸೇರಿ ಒಂದು ದಂಧೆ ಮಾಡಿದರೆ ಸೋಲುವುದುಂಟೇ ಎಂದುಕೊಂಡದ್ದು ನನ್ನ ದಡ್ಡತನ.

ನಾನು ನಗರದ ಖಾಸಗಿ ಶಾಲೆಯೊಂದರಲ್ಲಿ ಕನ್ನಡ ಕಲಿಸುತ್ತಿದ್ದೆ. ಬೇಸಿಗೆ ಬಂದರೆ ಅಲ್ಲಿ ಪಗಾರ ನಿಲ್ಲುತ್ತಿತ್ತು, ಜೂನ್‌ನಲ್ಲಿ ಮತ್ತೆ ಕರೆದು ಉಪಕಾರ ಮಾಡಿದ ಮುಖ ಮಾಡುತ್ತಿದ್ದರು. ಒಂದು ದೀಪಾವಳಿ ರಜೆಗೆ ಮುಂಚೆ, ಮಕ್ಕಳ ಎದುರಿಗೇ ನನ್ನ ಅಕ್ಷರದ ಬಗ್ಗೆ ಮುಖ್ಯೋಪಾಧ್ಯಾಯಿನಿ ಆಡಿದ ಮಾತಿಗೆ ತಲೆ ಕೆಟ್ಟು ಬಿಟ್ಟು ಬಂದೆ. ಆಕೆ ನಕ್ಕು, "ಹೋಗಿ ಬರ್ರಿ, ಜೂನ್ ತನಕ ನಿಮ್ಮ ಜಾಗ ಎಲ್ಲಿ ಹೋಗಂಗಿಲ್ಲ. ನೀವೂ ಎಲ್ಲಿ ಹೋಗಂಗಿಲ್ಲ" ಎಂದರು. ಆ ನಗೆ ಎದೆಯಲ್ಲಿ ಮುಳ್ಳಿನಂತೆ ಮುರಿದುಕೊಂಡಿತು. ಜೂನ್ ಒಳಗೆ ನನ್ನ ಕಾಲ ಮೇಲೆ ನಿಲ್ಲಬೇಕು, ಮತ್ತೆ ಆ ಗೇಟು ದಾಟಬಾರದು. ನನಗಿದ್ದದ್ದು ಅದೊಂದೇ ಹಟ.

ಸಿಸ್ಟರ್ ಪುಕ್ಕಟೆ ಕಲಿಸುವುದನ್ನು ನೋಡಿ ನೋಡಿ ನನಗೆ ಉಪಾಯ ಹೊಳೆಯಿತು. ಕಲಬುರಗಿಯಲ್ಲಿ ಸ್ಕೂಟಿ ಕೊಂಡು ಮನೆಮುಂದೆ ನಿಲ್ಲಿಸಿ, ಮೇಲೆ ಬಟ್ಟೆ ಹೊದಿಸಿಟ್ಟ ಹೆಂಗಸರು ಎಷ್ಟಿಲ್ಲ. ಗಂಡಸರ ಹತ್ತಿರ ಕಲಿಯಲು ನಾಚಿಕೆ, ಗಂಡನ ಹತ್ತಿರ ಕಲಿತರೆ ಜಗಳ. ಹೆಂಗಸರಿಗೆ ಹೆಂಗಸರೇ ಕಲಿಸುವ ಕ್ಲಾಸು ಮಾಡೋಣ, ಫೀಸು ಇಡೋಣ, ನನ್ನ ಗಾಡಿ, ನಿಮ್ಮ ವಿದ್ಯೆ ಎಂದೆ. ಅವರು ಒಂದೇ ಷರತ್ತು ಹಾಕಿದರು. ಕಡೆಯ ದಿನ ಪ್ರತಿಯೊಬ್ಬಳೂ ಹ್ಯಾಂಡಲ್ ಮುಟ್ಟಿಯೇ ಇರದ ಇನ್ನೊಬ್ಬ ಹೆಂಗಸನ್ನು ಕರೆತರಬೇಕು, ನಮ್ಮ ಎದುರಿಗೆ ಅವಳಿಗೆ ಕಲಿಸಬೇಕು. ಲೇಔಟಿನ ಈ ತುದಿಯಿಂದ ಆ ತುದಿಗೆ ಆಕೆಯನ್ನು ಓಡಿಸಿದರೇನೇ ಇವಳು ಪಾಸು.

"ತನ್ನ ಅಂಜಿಕಿ ಇನ್ನೊಬ್ಬಾಕಿ ಮಾರಿ ಮ್ಯಾಲ ನೋಡಿದಾಗಲೇ ಹೋಗ್ತದ. ಕಲಸಲಾರದಾಕಿ ಕಲತಿಲ್ಲ" ಎಂದರು.

ನಾನು ಕುಣಿದು ಒಪ್ಪಿದೆ. ನನ್ನ ಲೆಕ್ಕಾಚಾರ ಬೇರೆಯೇ ಇತ್ತು. ಬಂದ ಇನ್ನೊಬ್ಬಳಿಗೆ ರುಚಿ ಹತ್ತುತ್ತದೆ, ಅವಳೂ ನಮ್ಮ ಕ್ಲಾಸಿಗೇ ಸೇರುತ್ತಾಳೆ, ಪೈಸೆ ಖರ್ಚಿಲ್ಲದ ಜಾಹೀರಾತು ಎಂದುಕೊಂಡೆ. ಹೊಲದ ಬೇಲಿಯನ್ನು ನನ್ನ ಕೈಯಿಂದಲೇ ಕಿತ್ತು ದನಕ್ಕೆ ದಾರಿ ಬಿಟ್ಟದ್ದು ಆಮೇಲೆ ಗೊತ್ತಾಯಿತು.

ಮೊದಲ ಕೆಲವು ತಿಂಗಳು ಮಜವಾಗಿದ್ದವು. ಬ್ಯಾಂಕಿನ ಹೆಂಗಸರು, ಅಂಗನವಾಡಿಯವರು, ಕಪನೂರಿನ ಸಣ್ಣ ಕಾರ್ಖಾನೆಗಳಲ್ಲಿ ದುಡಿಯುವ ಹುಡುಗಿಯರು ಬಂದರು. ನಾನು ಹೆದರುತ್ತಿದ್ದುದು ರಿಂಗ್ ರೋಡಿನ ದೊಡ್ಡ ಡ್ರೈವಿಂಗ್ ಸ್ಕೂಲಿಗೆ. ಅವರೆಲ್ಲಿ ಹೆಂಗಸರ ಬ್ಯಾಚು ಶುರು ಮಾಡುತ್ತಾರೋ ಎಂದು ಹೋದಾಗ ಬಂದಾಗ ಅವರ ಬೋರ್ಡು ಓದುತ್ತಿದ್ದೆ. ಪಾಪ, ಅವರು ನಮ್ಮ ಕಡೆ ತಿರುಗಿಯೂ ನೋಡಲಿಲ್ಲ. ಆದರೂ ಚಳಿ ಮುಗಿಯುವ ಹೊತ್ತಿಗೆ ನಮ್ಮ ಕ್ಲಾಸು ಒಣಗತೊಡಗಿತು. ಹೆಸರು ಕೊಟ್ಟವರು ಬರುತ್ತಿರಲಿಲ್ಲ. ಫೋನ್ ಮಾಡಿದರೆ "ಕಲ್ತೀನ್ರಿ ಟೀಚರ್, ಇಲ್ಲೇ ನಮ್ಮ ಓಣಿಯಾಗ" ಎನ್ನುತ್ತಿದ್ದರು. ಯಾರ ಹತ್ತಿರ ಎಂದು ಕೇಳುವ ಮುಂಚೆ ಫೋನ್ ಇಟ್ಟುಬಿಡುತ್ತಿದ್ದರು.

ಒಂದು ಸಂಜೆ ಕಪನೂರಿನ ಕಡೆ ಹೋಗಿದ್ದೆ. ಅಲ್ಲೊಂದು ಗೋದಾಮಿನ ಮುಂದಿನ ಬಯಲಿನಲ್ಲಿ ಸ್ಕೂಟಿಯೊಂದು ತೂರಾಡುತ್ತಾ ಬರುತ್ತಿತ್ತು. ಮುಂದೆ ಯಾರೋ ಹೊಸ ಹುಡುಗಿ. ಹಿಂದೆ ಕೈಕಟ್ಟಿ ಕೂತವಳು ನಾಗವೇಣಿ, ನಮ್ಮ ಎರಡನೇ ಬ್ಯಾಚಿನವಳು, ದಾಲ್ ಮಿಲ್ಲಿನಲ್ಲಿ ಕೆಲಸ ಮಾಡುವವಳು. ನಮ್ಮ ಹತ್ತಿರ ಬಂದಾಗ ಬ್ರೇಕ್ ಯಾವುದು, ರೇಸ್ ಯಾವುದು ಎಂದು ತಿಳಿಯದೆ ಅತ್ತವಳು ಈಗ "ಬೀಳೋದಿದ್ರ ಇಬ್ರೂ ಬೀಳ್ತೀವಿ" ಎಂದು ಸಿಸ್ಟರ್ ಮಾತನ್ನು ಸಿಸ್ಟರ್ ದನಿಯಲ್ಲೇ ಹೇಳುತ್ತಿದ್ದಳು. ಪಕ್ಕದಲ್ಲಿ ಇನ್ನೂ ಮೂರ್ನಾಲ್ಕು ಜನ ತಮ್ಮ ಪಾಳಿಗೆ ಕಾಯುತ್ತಿದ್ದರು. ನನ್ನನ್ನು ನೋಡಿ ನಾಗವೇಣಿಗೆ ಒಂದಿಷ್ಟೂ ಅಂಜಿಕೆಯಾಗಲಿಲ್ಲ. ಓಡಿ ಬಂದು, "ಟೀಚರ್, ನಾನೂ ಕಲಸಾಕತ್ತೀನಿ ನೋಡ್ರಿ" ಎಂದು ಹಲ್ಲು ಬಿಟ್ಟಳು. ಆಮೇಲೆ ಕೆದಕಿದಾಗ ಗೊತ್ತಾಯಿತು, ಇವಳೊಬ್ಬಳೇ ಅಲ್ಲ. ಬ್ಯಾಂಕಿನಾಕೆ ತನ್ನ ಕಾಲೊನಿಯಲ್ಲಿ ಕಲಿಸುತ್ತಿದ್ದಳು. ಇನ್ನೊಬ್ಬಳು ಮೊಬೈಲಿನ ಸ್ಟೇಟಸ್ಸಿನಲ್ಲಿ "ಮಹಿಳೆಯರಿಗೆ ಗಾಡಿ ಕಲಿಸಲಾಗುವುದು" ಎಂದೇ ಹಾಕಿಕೊಂಡಿದ್ದಳು. ಕೆಲವರು ಪುಕ್ಕಟೆ, ಕೆಲವರು ನಮ್ಮ ಅರ್ಧ ಫೀಸಿಗೆ. ಊರಿನ ತುಂಬ ನಮ್ಮದೇ ಪೈಪೋಟಿ, ನಾವೇ ತಯಾರು ಮಾಡಿ ಕಳಿಸಿದ್ದು.

ಸಿಸ್ಟರ್‌ಗೆ ಹೇಳಿದರೆ ಕೆಂಡವಾಗುತ್ತಾರೆ, ನಾಗವೇಣಿಯ ಕಿವಿ ಹಿಂಡುತ್ತಾರೆ ಎಂದು ಮರುದಿನ ಅವರನ್ನು ಹಿಂದೆ ಕೂರಿಸಿಕೊಂಡು ಅದೇ ಬಯಲಿಗೆ ಹೋದೆ. ಅವರು ಸೊಂಟದ ಮೇಲೆ ಕೈ ಇಟ್ಟು ತುಸು ಹೊತ್ತು ನೋಡಿದರು. ಆಮೇಲೆ ದನಿ ಎತ್ತಿದರು. ನನಗೆ ಒಳಗೊಳಗೇ ಖುಷಿ. ಆದರೆ ಅವರು ಬೈದದ್ದು ಬೇರೆಯದಕ್ಕೆ.

"ಏ ನಾಗವೇಣಿ, ಆಕಿನ್ನ ಬಿಸಲ ಕಡೆ ಮಾರಿ ಮಾಡಿ ಯಾಕ ಓಡಸತಿ? ಕಣ್ಣ ಕುಕ್ಕಿದ್ರ ಏನ್ ಕಾಣತದ ಆಕಿಗಿ? ಆ ಕಡೆಯಿಂದ ಚಾಲೂ ಮಾಡು."

ಅಷ್ಟೇ ಅಲ್ಲ, ಬಯಲಿಗಿಳಿದು, ಕಾಯುತ್ತಿದ್ದ ಹೆಂಗಸರನ್ನೆಲ್ಲ ಸಾಲಾಗಿ ನಿಲ್ಲಿಸಿ, ಸ್ಟ್ಯಾಂಡ್ ಹಾಕುವುದು ಹೇಗೆಂದು ತೋರಿಸಿದರು. ನಾನು ಗಾಡಿಯ ಹತ್ತಿರ ನಿಂತು ಹಲ್ಲು ಕಡಿಯುತ್ತಿದ್ದೆ. ನನ್ನ ಅಂಗಡಿಯ ಎದುರು ಅಂಗಡಿ ಹಾಕಿದವಳಿಗೆ ನನ್ನ ಪಾಲುದಾರಳೇ ತಕ್ಕಡಿ ಸರಿ ಮಾಡಿಕೊಟ್ಟಂತಾಗಿತ್ತು.

ತಿರುಗಿ ಬರುವಾಗ ಜಗಳವಾಯಿತು. ಗಾಡಿ ನಿಲ್ಲಿಸಿ, ರಸ್ತೆಯ ಬದಿಯಲ್ಲೇ. ಹೊಟ್ಟೆಯಲ್ಲಿದ್ದದ್ದನ್ನೆಲ್ಲ ಕಕ್ಕಿದೆ. ಈ ಕಡೆಯ ದಿನದ ನಿಯಮವನ್ನು ನಿಲ್ಲಿಸಿ, ಇಲ್ಲದಿದ್ದರೆ ಜೂನ್‌ನಲ್ಲಿ ನಾನು ಆ ಶಾಲೆಯ ಹೆಂಗಸಿನ ಮುಂದೆ ಹೋಗಿ ಕೈಕಟ್ಟಿ ನಿಲ್ಲಬೇಕಾಗುತ್ತದೆ ಎಂದೆ. ಅವರು ತಮ್ಮ ನೌಕರಿಯ ಕತೆ ತೆಗೆದರು. ಹೊಸದಾಗಿ ಹಳ್ಳಿಗೆ ಹೋದಾಗ ಸೂಲಗಿತ್ತಿಯರೇ ಅವರಿಗೆ ವೈರಿಗಳಂತೆ. ಹೆರಿಗೆಯೆಲ್ಲ ಅವರ ಕಡೆಗೇ ಹೋಗುತ್ತಿತ್ತಂತೆ. ಇವರು ಅವರ ಜೊತೆ ಕಾದಾಡುವುದು ಬಿಟ್ಟು, ಕೂರಿಸಿಕೊಂಡು ಬ್ಲೇಡು ಕುದಿಸುವುದು, ಕೈ ತೊಳೆಯುವುದು ಕಲಿಸಿದರಂತೆ. ಸೂಲಗಿತ್ತಿಯರಿಗೇ ಇನ್ನಷ್ಟು ಹೆರಿಗೆ ಹೋದವು, ಇವರಿಗೆ ಡಾಕ್ಟರರಿಂದ ಬೈಗುಳ. "ಬೈಸ್ಕೊಂಡೆ. ಕೂಸು ಬದಕಿದ್ವು" ಎಂದರು.

ಬೇರೆ ದಿನವಾಗಿದ್ದರೆ ಕಣ್ಣು ಒದ್ದೆಯಾಗುತ್ತಿತ್ತೇನೋ. ಆ ದಿನ ಮೈ ಉರಿಯಿತು.

"ನಿಮಗ ಪಗಾರ ಇತ್ತು ಸಿಸ್ಟರ್. ಹೆರಿಗಿ ಯಾರ ಮಾಡಿಸಿದ್ರೂ ತಿಂಗಳಿಗಿ ಪಗಾರ ಬರ್ತಿತ್ತು. ನನಗ ಏನದ?"

ಅವರ ಮುಖ ಸಣ್ಣದಾದದ್ದನ್ನು ನಾನು ಅದೊಂದೇ ಸಲ ನೋಡಿದ್ದು. ಗಾಡಿ ಕೋಟನೂರಿಗೆ ತಂದು ನಿಲ್ಲಿಸಿದೆ. ಇಳಿಯುವಾಗ, "ನೀವು ಹೇಳೋದು ಖರೆ ಅದರಿ" ಎಂದು ಒಳಗೆ ಹೋದರು.

ಇನ್ನು ಬರಲಿಕ್ಕಿಲ್ಲ ಎಂದುಕೊಂಡಿದ್ದೆ. ಮರುದಿನ ಬೆಳಗಾಗುವ ಮುಂಚೆ ಮನೆಯ ಮುಂದೆ ಅವರ ದನಿ. ಕಲಿಯುವವರು ಯಾರೂ ಇಲ್ಲ, ಯಾಕೆ ಬಂದಿರಿ ಎಂದು ಗೊಣಗುತ್ತಾ ಹೋದೆ. ಲೇಔಟಿನಲ್ಲಿ ಅವರು ರಂಗೋಲಿ ಪುಡಿಯಿಂದ ನೆಲದ ಮೇಲೆ ದೊಡ್ಡದಾಗಿ ಎಂಟರ ಆಕಾರ ಬರೆದರು. ಕ್ಲಾಸು ತುಂಬಿದ್ದಾಗ ಬರೆಯುತ್ತಿದ್ದಷ್ಟೇ ನೀಟಾಗಿ. ಆಮೇಲೆ ಕುರ್ಚಿ ಹಾಕಿಕೊಂಡು ಕೂತರು. ಯಾರೂ ಬರಲಿಲ್ಲ. ನಾಯಿಯೊಂದು ಬಂದು ಪುಡಿ ಮೂಸಿ ಹೋಯಿತು. ಆ ಬೇಸಿಗೆಯ ಎಷ್ಟೋ ಬೆಳಗುಗಳನ್ನು ನಾವು ಹಾಗೇ ಕಳೆದೆವು. "ನಮ್ಮ ಸಬ್‌ಸೆಂಟರಿಗೂ ಮದಲ ಯಾರೂ ಬರ್ತಿರಲಿಲ್ಲ. ಬಾಗಿಲಾ ತಗದು ಕೂಡೋದು ಅರ್ಧಾ ಕೆಲಸ, ಟೀಚರಬಾಯಿ" ಎನ್ನುತ್ತಿದ್ದರು. ಉಳಿದ ಅರ್ಧ ಏನು ಎಂದು ಕೇಳಿದರೆ ಎಲೆ ಬಾಯಿಗೆ ಹಾಕಿಕೊಳ್ಳುತ್ತಿದ್ದರು. ಅವರು ಧೈರ್ಯ ಹೇಳುವ ಜಾತಿಯಲ್ಲ. ಪಕ್ಕದಲ್ಲಿ ಕೂತುಬಿಡುವ ಜಾತಿ. ನನಗೆ ಅದೂ ಆಗ ಕಿರಿಕಿರಿಯೇ.

ಕಮಲಾಪುರಕ್ಕೆ ಹೋಗೋಣ ಎಂದದ್ದು ಅವರೇ. ಅಲ್ಲಿ ಅವರ ತಮ್ಮನ ಮನೆಯಿತ್ತು, ಎಲ್ಲರ ಪರಿಚಯವಿತ್ತು, ಕಲಿಸುವವರು ಯಾರೂ ಇರಲಿಲ್ಲ. ಈ ಸಲ ಷರತ್ತು ನನ್ನದು: ಅಲ್ಲಿ ಕಡೆಯ ದಿನದ ನಿಯಮ ಇರಕೂಡದು. ಕಲಿತರು, ಹೋದರು, ಮುಗಿಯಿತು. ಸಿಸ್ಟರ್ ಸಂಚಿಯ ದಾರ ಬಿಗಿದು, "ಆಯ್ತು, ನಿನ್ನ ಕ್ಲಾಸು" ಎಂದರು.

ಬಸ್ಸಿನಲ್ಲಿ ಹೋದೆವು. ಸಂತೆಯ ದಿನ. ಕೆಂಪು ಬಾಳೆಗೊನೆಗಳ ನಡುವೆ ಹತ್ತು ಹೆಜ್ಜೆ ನಡೆಯುವುದರೊಳಗೆ ಅವರನ್ನು ಮಾತಾಡಿಸದ ಹೆಂಗಸಿಲ್ಲ. ಯಾರದೋ ಹೆರಿಗೆ, ಯಾರದೋ ಸೂಜಿ, ಎಲ್ಲ ಅವರ ಕೈಯಿಂದಲೇ ಆದದ್ದು. ಮಧ್ಯಾಹ್ನದೊಳಗೆ ಬ್ಯಾಚು ತುಂಬಿತು. ಆಶಾ ಕಾರ್ಯಕರ್ತೆಯರು, ಇಬ್ಬರು ಶಿಕ್ಷಕಿಯರು, ತೋಟದಿಂದ ಹಣ್ಣು ತರುವ ಹೆಂಗಸರು. ಸಂತೆ ಇಲ್ಲದ ದಿನಗಳಲ್ಲಿ ಸಂತೆಯ ಬಯಲಿನಲ್ಲೇ, ಅವರವರ ಮನೆಯ ಗಾಡಿಗಳ ಮೇಲೆಯೇ ಕಲಿಸಿದೆವು. ಕಸ್ತೂರಿ ಎಂಬ ಆಶಾ ಕಾರ್ಯಕರ್ತೆ ಎಲ್ಲರಿಗಿಂತ ಚುರುಕು. ಕಡೆಯ ದಿನ ಪೇಢಾ ಹಂಚಿದರು, ಫೋಟೊ ತೆಗೆಸಿಕೊಂಡೆವು. ನನಗೆ ಜೂನ್‌ನ ಭಯ ಅರ್ಧ ಇಳಿದಿತ್ತು. ನೋಡಿದಿರಾ ಸಿಸ್ಟರ್, ವ್ಯವಹಾರ ಅಂದರೆ ಹೀಗೆ ಎಂದು ಬಸ್ಸಿನಲ್ಲಿ ಜಂಬವನ್ನೂ ಕೊಚ್ಚಿದೆ.

ಮುಂದಿನ ಬ್ಯಾಚಿಗೆಂದು ಕೆಲವು ವಾರ ಬಿಟ್ಟು ಹೋದರೆ ಒಬ್ಬರೂ ಹೆಸರು ಕೊಡಲಿಲ್ಲ. ಯಾಕೆಂದು ತಿಳಿಯಲಿಲ್ಲ. ಬಸ್‌ಸ್ಟ್ಯಾಂಡಿನ ಹತ್ತಿರ ಕಸ್ತೂರಿ ಸಿಕ್ಕಳು. ಅವಳದೇ ಸ್ಕೂಟಿ, ಆದರೆ ಓಡಿಸುತ್ತಿದ್ದವನು ಮೈದುನ. ಅವಳು ಹಿಂದೆ ಒಂದೇ ಕಡೆ ಕಾಲು ಹಾಕಿ ಕೂತಿದ್ದಳು. ಏನಿದು ಎಂದರೆ ನಾಚಿದಳು. ಮೊದಲ ವಾರ ಓಡಿಸಿದಳಂತೆ. ಒಂದು ದಿನ ಟ್ರ್ಯಾಕ್ಟರ್ ಎದುರು ಬಂತು, ಅಂಜಿದಳು, ಮನೆಯವರು "ಯಾಕ ಬೇಕು, ನಾವೇ ಬಿಡ್ತೀವಿ" ಎಂದರು, ಕೀಲಿಕೈ ಅವರ ಹತ್ತಿರವೇ ಉಳಿಯಿತು. ಉಳಿದವರದೂ ಹೆಚ್ಚು ಕಡಿಮೆ ಅದೇ ಕತೆ. ಬ್ಯಾಚಿನಲ್ಲಿ ಗಾಡಿ ಮುಟ್ಟುತ್ತಿದ್ದವರು ಒಬ್ಬಿಬ್ಬರು. ಊರಲ್ಲಿ ಮಾತು ಹಬ್ಬಿತ್ತು: ಕಲಬುರಗಿಯವರ ಕ್ಲಾಸಿನಲ್ಲಿ ಕಲಿತರೂ ಬರುವುದಿಲ್ಲ.

ಕೋಟನೂರಿನವರು, ಕಪನೂರಿನವರು ಹೀಗೆ ಬಿಟ್ಟಿರಲಿಲ್ಲ. ಇನ್ನೊಬ್ಬಳಿಗೆ ಕಲಿಸಿದ ಮೇಲೆ ಅವರು ಯಾರ ಕೈಗೂ ಕೀಲಿಕೈ ಕೊಟ್ಟಿರಲಿಲ್ಲ. ನಾಗವೇಣಿಗೆ ಟ್ರ್ಯಾಕ್ಟರ್ ಎದುರು ಬಂದರೆ ಟ್ರ್ಯಾಕ್ಟರಿನವನೇ ಬದಿಗೆ ಸರಿಯಬೇಕಿತ್ತು. ಅದೆಲ್ಲ ನನಗೆ ಆ ಬಸ್‌ಸ್ಟ್ಯಾಂಡಿನಲ್ಲಿ ನಿಂತಾಗ ಒಮ್ಮೆಲೇ ಅರ್ಥವಾಯಿತು. ಸಿಸ್ಟರ್ ಪಕ್ಕದಲ್ಲೇ ಇದ್ದರು. "ನಾ ಹೇಳಿದ್ನಿಲ್ಲೋ" ಎಂದು ಒಂದು ಮಾತು ಅಂದಿದ್ದರೆ ಜಗಳವಾಡಿ ಹಗುರಾಗುತ್ತಿದ್ದೆ. ಅದನ್ನೂ ಕೊಡಲಿಲ್ಲ ಮಾರಾಯ್ತಿ. ಮೈದುನನ ಕೈಯಿಂದ ಕೀಲಿಕೈ ಇಸಿದುಕೊಂಡು, ಕಸ್ತೂರಿಗೆ, "ನಿಮ್ಮ ನೆಗೆಣ್ಣಿನ ಕರಕೊಂಡು ಬಾ. ಆಕಿ ಮುಂದ, ನೀ ಹಿಂದ" ಎಂದರು.

ನಿಯಮ ಮತ್ತೆ ಬಂತು. ಕಮಲಾಪುರದ ಹೆಂಗಸರು ಗಾಡಿ ಓಡಿಸತೊಡಗಿದರು, ಕ್ಲಾಸಿನ ಹೆಸರು ಉಳಿಯಿತು, ಒಂದು ಬ್ಯಾಚು ಆಯಿತು, ಇನ್ನೊಂದು ಆಯಿತು. ಆಮೇಲೆ ಅಲ್ಲೂ ಓಣಿಗೊಬ್ಬಳು ಕಲಿಸುವವಳು ಹುಟ್ಟಿ ನಮ್ಮ ದಂಧೆ ಕುಂಟತೊಡಗಿತು. ಅರೆಬರೆ ಕಲಿಸಿದರೆ ಕ್ಲಾಸು ಸುಳ್ಳಾಗುತ್ತದೆ, ಸರಿಯಾಗಿ ಕಲಿಸಿದರೆ ಗಿರಾಕಿಯೇ ಪೈಪೋಟಿಗೆ ನಿಲ್ಲುತ್ತಾಳೆ. ಇಂಥ ದರಿದ್ರ ವ್ಯವಹಾರ ಪ್ರಪಂಚದಲ್ಲಿ ಇನ್ನೊಂದಿರಲಾರದು.

ಜೂನ್ ಬಂತು. ಶಾಲೆಯಿಂದ ಫೋನೂ ಬಂತು. ಸಾಕಾಗಿತ್ತು ನನಗೆ. ಮನೆಯಲ್ಲಿ ಯಾರೂ ಒತ್ತಾಯ ಮಾಡಲಿಲ್ಲ, ಅದೇ ಇನ್ನೂ ಕಷ್ಟ. ಶಾಲೆಯ ಸೀರೆ ಉಟ್ಟು, ಸಿಸ್ಟರ್‌ಗೆ ಹೇಳಿ ಹೋಗೋಣವೆಂದು ಲೇಔಟಿಗೆ ಹೋದೆ. ಅವರು ಎಂಟು ಬರೆದು ಮುಗಿಸಿ ಕೈ ಕೊಡವುತ್ತಿದ್ದರು. ಸೀರೆ ನೋಡಿದ ಕೂಡಲೇ ತಿಳಿಯಿತು. ಬೇಡ ಎಂದಾರು, ನಾಲ್ಕು ಮಾತು ಹೇಳಿಯಾರು ಎಂದು ನಿಂತೆ.

"ಹೋಗಿ ಬಾ. ಗಾಡಿ ಇಲ್ಲೇ ಬಿಟ್ಟು ಹೋಗು, ಯಾರರ ಬಂದ್ರ ಬೇಕಾಗ್ತದ" ಎಂದರು.

ನನಗೆ ಎಲ್ಲಿಲ್ಲದ ಸಿಟ್ಟು ಬಂತು. ನಾನು ಅಲ್ಲಿ ಗಂಟೆ ಹೊಡೆದಂತೆ ಕುಣಿಯಬೇಕು, ಇವರು ಇಲ್ಲಿ ನನ್ನ ಗಾಡಿಯ ಮೇಲೆ, ನನ್ನ ಪೆಟ್ರೋಲಿನಲ್ಲಿ, ಇಡೀ ಕಲಬುರಗಿಗೆ ಪುಕ್ಕಟೆ ಕಲಿಸಿ ನನಗೆ ಇನ್ನೂ ನೂರು ವೈರಿಗಳನ್ನು ಹುಟ್ಟಿಸಬೇಕು. ಹೋಗುವುದಿಲ್ಲ ಎಂದೆ. ಅಲ್ಲೇ ನಿಂತು, ಶಾಲೆಗೆ ಫೋನ್ ಮಾಡಿ, ನನ್ನ ಜಾಗ ಬೇರೆಯವರಿಗೆ ಕೊಡಿ ಎಂದೆ. ಸಿಸ್ಟರ್ ಎಲೆ ಮಡಚುತ್ತಾ ಕೂತಿದ್ದರು. ಹೊಸ ಕೆಲಸಕ್ಕೆ ಕೈಹಾಕಿದವರನ್ನು ಕನಸು ಎತ್ತಿ ಹಿಡಿಯುತ್ತದೆ, ಛಲ ಎತ್ತಿ ಹಿಡಿಯುತ್ತದೆ ಎಂದು ದೊಡ್ಡವರು ಭಾಷಣ ಮಾಡುತ್ತಾರೆ. ನನ್ನನ್ನು ಎತ್ತಿ ಹಿಡಿದದ್ದು ಬರೀ ಹೊಟ್ಟೆಯುರಿ.

ಅಂದಿನಿಂದ ಓಡುತ್ತಲೇ ಇದ್ದೇನೆ. ಒಂದು ಬಡಾವಣೆ ಒಣಗಿದರೆ ಇನ್ನೊಂದು, ಅದು ಒಣಗಿದರೆ ಮತ್ತೊಂದು. ಕ್ಲಾಸು ಸತ್ತಿಲ್ಲ, ಕೊಬ್ಬಿಯೂ ಇಲ್ಲ. ಕಳೆದ ವರ್ಷ ಸಿಸ್ಟರ್ ಬಚ್ಚಲಲ್ಲಿ ಜಾರಿ ಬಿದ್ದು ಸೊಂಟ ಮುರಿದುಕೊಂಡರು. ತಮ್ಮ ಬಂದು ಕಮಲಾಪುರಕ್ಕೆ ಕರೆದುಕೊಂಡು ಹೋದ. ಇಷ್ಟು ವರ್ಷ ಯಾರ್‍ಯಾರದೋ ಹಿಂದೆ ಕೂತರೂ ಒಂದು ತರಚು ಗಾಯ ಆಗದವರು ಬಚ್ಚಲಲ್ಲಿ ಬಿದ್ದರು ಎಂದು ನನಗೆ ಆ ಬಚ್ಚಲ ಮೇಲೂ ಸಿಟ್ಟಿದೆ.

ನೋಡಲು ಹೋದಾಗಲೆಲ್ಲ ನಾನು ಮಾಡುತ್ತಿದ್ದುದು ಒಂದೇ ಕೆಲಸ, ದೂರು ಹೇಳುವುದು. ಯಾರು ಎಲ್ಲಿ ಹೊಸದಾಗಿ ಕಲಿಸಲು ಶುರು ಮಾಡಿದ್ದಾಳೆ, ಯಾರು ಫೀಸು ಇಳಿಸಿದ್ದಾಳೆ, ನಾಗವೇಣಿ ಈಗ ಎರಡನೇ ಗಾಡಿ ಕೊಂಡಿದ್ದಾಳೆ. ಬೇರೆ ರೋಗಿಗಳು ಭಜನೆ ಕೇಳುವಂತೆ ಅವರು ನನ್ನ ದೂರು ಕೇಳುತ್ತಿದ್ದರು. ಕಣ್ಣು ಮುಚ್ಚಿದ್ದರೂ ನಡುವೆ ನಿಲ್ಲಿಸಿದರೆ "ಮುಂದ?" ಎನ್ನುತ್ತಿದ್ದರು. ಕಡೆಯ ಸಲ ಹೋದಾಗ ದನಿ ಅಡಗಿಹೋಗಿತ್ತು. ಕಿವಿ ಹತ್ತಿರ ತರುವಂತೆ ಸನ್ನೆ ಮಾಡಿದರು. ಈಗಲಾದರೂ ಒಂದು ಸಮಾಧಾನದ ಮಾತು ಬರುತ್ತದೆ ಎಂದು ಬಾಗಿದೆ.

"ಇನ್ನೂ ಯಾರರ ಇದ್ರ ಹೇಳು" ಎಂದರು.

ಮುಂದಿನ ವಾರ ಅವರ ತಮ್ಮನ ಫೋನ್ ಬಂತು. ಬಸ್ಸಿಗೆ ಹೋದೆ. ಸಿಸ್ಟರನ್ನು ಮಣ್ಣು ಮಾಡಿದ ಮೇಲೆ ಅವರ ಮನೆಯಲ್ಲಿ ತುಸು ಹೊತ್ತು ಕೂತು, ತಿರುಗಿ ಬರಲು ಕಮಲಾಪುರದ ದಾರಿಯಲ್ಲಿ ಬಸ್ಸಿಗೆ ಕಾಯುತ್ತಾ ನಿಂತಿದ್ದೆ. ಬಿಸಿಲು. ಬಸ್ಸಿನ ಸುಳಿವಿಲ್ಲ. ಸ್ಕೂಟಿಯೊಂದು ನನ್ನನ್ನು ದಾಟಿ ಹೋಗಿ ತಿರುಗಿ ಬಂದು ನಿಂತಿತು. ನಡುವಯಸ್ಸಿನ ಹೆಂಗಸು, ಮುಂದೆ ಬಾಳೆಹಣ್ಣಿನ ಬುಟ್ಟಿ. ಹಿಂದೆಂದೂ ನೋಡಿದವಳಲ್ಲ, ನಮ್ಮ ಯಾವ ಬ್ಯಾಚಿನವಳೂ ಅಲ್ಲ.

"ಬಿಸಲಾಗ ಯಾಕ ನಿಂತೀರಿ ಅಕ್ಕಾರ? ಗಾಡಿ ಬರಂಗಿಲ್ಲೇನು ನಿಮಗ?" ಎಂದಳು. ನಾನು ಉತ್ತರ ಕೊಡುವ ಮುಂಚೆ ಅವಳೇ ಮುಂದುವರಿಸಿದಳು. "ಅಂಜಬ್ಯಾಡ್ರಿ, ಒಂದ್ ವಾರದಾಗ ಬರ್ತದ. ಇತ್ತಕಡೆ ಬಂದಾಗ ನಮ್ಮ ಮನಿಗಿ ಬರ್ರಿ, ನಾ ಕಲಸ್ತೀನಿ. ಫೀಸ್ ಏನ್ ಬ್ಯಾಡ್ರಿ."

ನನಗೆ! ಫೀಸ್ ಬೇಡವಂತೆ! ರಕ್ತ ಸರ್ರನೆ ತಲೆಗೇರಿತು. ಯಾರ ಹತ್ತಿರ ಕಲಿತೆ ಎಂದು ಕೇಳಿದೆ. ಗಂಡನ ಅಕ್ಕನ ಹತ್ತಿರ ಎಂದಳು. ಆಕೆ ಯಾರ ಹತ್ತಿರ ಎಂದರೆ ಗೊತ್ತಿಲ್ಲವೆಂದಳು. ಸಿಸ್ಟರ್ ಹೆಸರು ಅವಳಿಗೆ ಗೊತ್ತಿರಲಿಲ್ಲ, ನನ್ನ ಹೆಸರಂತೂ ದೂರ ಉಳಿಯಿತು. ನಗುತ್ತಾ ಗಾಡಿ ತಿರುಗಿಸಿಕೊಂಡು ಹೋದಳು.

ಇದನ್ನು ಈಗಿಂದೀಗಲೇ ಹೇಳಬೇಕು, ನೀವು ಮಾಡಿಟ್ಟದ್ದು ಎಲ್ಲಿಗೆ ಬಂತು ನೋಡಿ ಎಂದು ಮುಖದ ಮೇಲೆ ಹೇಳಬೇಕು ಎಂದು ನಾನು ಬಂದ ದಾರಿಗೇ ತಿರುಗಿ ಸರಸರ ನಡೆದೆ. ಅವರ ಓಣಿಯ ತಿರುವು ಬಂತು. ಮನೆಯ ಮುಂದೆ ಇನ್ನೂ ಚಪ್ಪಲಿಗಳು ರಾಶಿ ಬಿದ್ದಿದ್ದವು. ದೂರು ಕೇಳುವವರು ಒಳಗಿರಲಿಲ್ಲ.